ಮೈಗೆ ಒಪ್ಪುವ ಅಂಗಿ

ಲೆಸ್ಬಿಯನ್ ಎಂದು ಗುರುತಾಗಲು ಇಲ್ಲಿ ಕೂದಲು ಕತ್ತರಿಸಿಕೊಂಡು ಗಂಡಸರ ಅಂಗಿ ತೊಡಲೇಬೇಕೆ, ದಪ್ಪ ಮೈಯ ತಮಗೆ ಅದು ಒಪ್ಪೀತೆ ಎಂದು ನ್ಯೂಜೆರ್ಸಿಗೆ ಹೊಸದಾಗಿ ಬಂದಿರುವ ನೀವು ಕೇಳಿದ್ದೀರಿ. ಅಂಥ ಕಟ್ಟಳೆ ಯಾವುದೂ ಇಲ್ಲ. ಪ್ಯಾಂಟಿನ ಬೆಲ್ಟ್ ಪಟ್ಟಿಗೆ ಕೊಂಡಿ ಸಿಕ್ಕಿಸಿ ಕೀಲಿಗೊಂಚಲು ತೂಗುಬಿಡುವ ಬುಚ್‌ಗಳು, ಅಂದರೆ ಗಂಡುಧಾಟಿಯ ಲೆಸ್ಬಿಯನ್‌ಗಳು, ಇರುವಂತೆಯೇ ಉದ್ದ ಜಡೆ, ತುಟಿಗೆ ಬಣ್ಣ, ಝರಿಯಂಚಿನ ಸೀರೆಯನ್ನು ಮನಸಾರೆ ಇಷ್ಟಪಡುವ ಫೆಮ್‌ಗಳೂ, ಅಂದರೆ ಹೆಣ್ಣುಧಾಟಿಯ ಲೆಸ್ಬಿಯನ್‌ಗಳೂ ಇದ್ದಾರೆ. ಫೆಮ್ ಆದವರನ್ನು ನಮ್ಮವರೇ ಗುರುತಿಸದೆ ಹೋಗುವುದುಂಟು, ಅದು ನೋಯಿಸುತ್ತದೆ. ಆದರೆ ಆ ನೋವಿಗಾಗಿ ನಿಮಗೆ ಪ್ರಿಯವಾದ ಜಡೆಯನ್ನು ಬಲಿಕೊಡಬೇಡಿ.

ಅಂಗಿಯೇ ನಿಮ್ಮ ಮನಸ್ಸಿಗೆ ಹಿಡಿಸಿದ್ದರೆ, ಅದು ಕೂರದಿರುವುದು ನಿಮ್ಮ ಮೈಯ ತಪ್ಪಲ್ಲವೆಂದು ಮೊದಲು ತಿಳಿಯಿರಿ. ಗಂಡಸರ ಅಂಗಿಯನ್ನು ನೇರ ಸೊಂಟಕ್ಕೆಂದು ಕತ್ತರಿಸಿರುತ್ತಾರೆ. ಎದೆಗೆ ಸರಿಹೋಗುವ ಅಳತೆ ಕೊಂಡರೆ ಭುಜದ ಹೊಲಿಗೆ ತೋಳಿನ ಮೇಲೆ ಜಾರುತ್ತದೆ, ಭುಜಕ್ಕೆ ಸರಿಹೋಗುವುದನ್ನು ಕೊಂಡರೆ ಎದೆಯ ಗುಂಡಿಗಳ ನಡುವೆ ಬಟ್ಟೆ ಬಾಯಿಬಿಡುತ್ತದೆ. ಈ ತೊಡಕನ್ನು ಬಿಡಿಸಲೆಂದೇ ಲಾರಾ ಮತ್ತು ಕೆಲ್ಲಿ ಮೊಫಾಟ್ ಎಂಬ ದಂಪತಿ ನ್ಯೂಯಾರ್ಕ್‌ನ ಬ್ರೂಕ್ಲಿನ್‌ನಲ್ಲಿ ಕಿರಿನ್ ಫಿಂಚ್ ಎಂಬ ಉಡುಪಿನ ಕಂಪನಿ ಆರಂಭಿಸಿದರು. ಸಿಯಾಟಲ್‌ನ ಟಾಮ್‌ಬಾಯ್‌ಎಕ್ಸ್ ಒಳಉಡುಪುಗಳು 6ಎಕ್ಸ್‌ವರೆಗಿನ ಅಳತೆಯಲ್ಲಿ ಸಿಗುತ್ತವೆ. ಬೆಲೆ ದುಬಾರಿ ಎನಿಸಿದರೆ ಸೆಕೆಂಡ್ ಹ್ಯಾಂಡ್ ಅಂಗಡಿಯಲ್ಲಿ ಭುಜ ಮತ್ತು ಎದೆ ಎರಡಕ್ಕೂ ಸಡಿಲವಾದ ಅಂಗಿ ಕೊಂಡು, ಭುಜವನ್ನು ಒಳಕ್ಕೆ ಹಿಡಿಸಿ, ಸೊಂಟದ ಬಳಿ ಪಕ್ಕದ ಹೊಲಿಗೆಯನ್ನು ಸೀಳಿಸಿಕೊಳ್ಳಿ. ಅದಕ್ಕಿಂತ ಒಳ್ಳೆಯ ದಾರಿ, ಊರಿಗೆ ಹೋದಾಗ ನಿಮ್ಮ ರವಿಕೆ ಹೊಲಿಯುವ ಟೈಲರ್‌ಗೇ ಅಳತೆ ಕೊಟ್ಟು ಕಾಲರ್ ಅಂಗಿ ಹೊಲಿಸಿಕೊಂಡು ಬರುವುದು. ಎದೆಯ ಉಬ್ಬನ್ನು ಲೆಕ್ಕಕ್ಕೆ ಹಿಡಿದು ಬಟ್ಟೆ ಕತ್ತರಿಸುವ ವಿದ್ಯೆ ಅವರ ಕೈಯಲ್ಲಿ ಮೊದಲೇ ಇದೆ.

ಇನ್‌ಸ್ಟಾಗ್ರಾಂ, ಟಿಕ್‌ಟಾಕ್‌ಗಳಲ್ಲಿ ಕ್ವಿಯರ್ (ಲೆಸ್ಬಿಯನ್, ಗೇ, ಟ್ರಾನ್ಸ್ ಮುಂತಾದವರ) ಉಡುಪಿನ ಬಗ್ಗೆ ವಿಡಿಯೊ ಮಾಡುವವರು ಹೇರಳವಾಗಿದ್ದಾರೆ. ತಮ್ಮ ಅಳತೆಯನ್ನು ಬಾಯಿಬಿಟ್ಟು ಹೇಳಿ, ಕೂತಾಗ ಬಟ್ಟೆ ಎಲ್ಲಿ ಬಿಗಿಯುತ್ತದೆಂದು ತೋರಿಸುವ, ನಿಮ್ಮ ಮೈಕಟ್ಟಿನವರನ್ನೇ ಆರಿಸಿ ನೋಡಿ. ತೆಳ್ಳಗಿನ ಬಿಳಿಯ ಬುಚ್‌ಗಳನ್ನೇ ನೋಡುತ್ತಿದ್ದರೆ ನಮ್ಮಂಥವರಿಗೆ ಜಾಗವೇ ಇಲ್ಲವೇನೋ ಎನಿಸಿಬಿಡುತ್ತದೆ. ಬ್ರೂಕ್ಲಿನ್ ಮ್ಯೂಸಿಯಂನಲ್ಲಿ ಡ್ಯಾಪರ್‌ಕ್ಯೂ ಎಂಬ ಕ್ವಿಯರ್ ಉಡುಪಿನ ಜಾಲತಾಣ 2014ರಲ್ಲಿ ಆರಂಭಿಸಿದ ಕ್ವಿಯರ್ ಫ್ಯಾಶನ್ ಶೋಗಳ ಚಿತ್ರಗಳನ್ನು ಹುಡುಕಿ, ಎಲ್ಲ ಬಣ್ಣದ, ಎಲ್ಲ ಗಾತ್ರದ ಮೈಗಳನ್ನು ಅಲ್ಲಿ ಕಾಣುವಿರಿ. ಕ್ರಿಯೇಟರ್‌ಗಳು ಕೊಡುವ ಲಿಂಕ್‌ನಿಂದ ನೀವು ಕೊಂಡರೆ ಹಲವೊಮ್ಮೆ ಅವರಿಗೆ ಕಮಿಷನ್ ಸಲ್ಲುತ್ತದೆ, ಆದ್ದರಿಂದ ಹೊಗಳಿಕೆಯನ್ನು ಅಳೆದು ನೋಡಿ ಕೊಳ್ಳಿ. ಮನೆಯವರಿಗೆ ನೀವಿನ್ನೂ ಹೇಳಿಲ್ಲವಾದರೆ ಈ ಖಾತೆಗಳನ್ನು ಹಿಂಬಾಲಿಸಲು ಬೇರೆ ಹೆಸರಿನ ಖಾತೆ ಇಟ್ಟುಕೊಳ್ಳುವುದು ಕ್ಷೇಮ.

ಬಟ್ಟೆಗಳನ್ನು ನ್ಯೂಜೆರ್ಸಿಯಲ್ಲೇ ಕೊಳ್ಳಿ, ಇಲ್ಲಿ ಸಾಮಾನ್ಯ ಉಡುಪಿಗೆ ಮಾರಾಟ ತೆರಿಗೆಯಿಲ್ಲ.