ಆಸ್ತಿಪಟ್ಟಿಯಲ್ಲಿರುವ ಹುಡುಗನನ್ನು ದಾಟಿ ಹೋಗಬೇಡಿ

ಆತ್ಮೀಯರೇ,

ನೀವು ನೆಲೆಸಿರುವ, ಅಮೆರಿಕದ ಮೆಸಾಚುಸೆಟ್ಸ್‌ನ ಹಳ್ಳಿಯ ರೈತ ಮನೆತನವೊಂದರ ಬಗ್ಗೆ ಕಳುಹಿಸಿದ ಲೇಖನವನ್ನು ಪೂರ್ತಿ ಓದಿದೆ. ಈಗಿರುವ ರೂಪದಲ್ಲಿ ಇದನ್ನು ಪ್ರಕಟಿಸಲಾರೆವು. ಆದರೆ ಒಂದು ಸಾಲಿನ ವಿಷಾದಪತ್ರ ಬರೆದು ಕೈತೊಳೆದುಕೊಳ್ಳುವಂಥ ಬರಹವೂ ಇದಲ್ಲ.

ದೊಡ್ಡ ತಪ್ಪನ್ನು ಮೊದಲು ಹೇಳಿಬಿಡುತ್ತೇನೆ. ಊರಿನ ಗುಮಾಸ್ತನ ಪುಸ್ತಕದಲ್ಲಿ ಆ ಮನೆತನದ ದಂಪತಿಯ ಮದುವೆ 1720ರ ಏಪ್ರಿಲ್‌ನಲ್ಲಿ, ಚೊಚ್ಚಲ ಮಗು 1720ರ ಫೆಬ್ರವರಿಯಲ್ಲಿ ಎಂದು ಕಂಡದ್ದೇ ತಡ, ನೀವು ಊರವರ ಪಿಸುಮಾತು, ಚರ್ಚಿನಲ್ಲಿ ಆಕೆ ತಲೆತಗ್ಗಿಸಿ ನಿಂತದ್ದು, ಗಂಡನ ಮೌನ ಎಲ್ಲವನ್ನೂ ಕಟ್ಟಿದ್ದೀರಿ. ಹಾಗೆ ಕಟ್ಟಲು ಆಧಾರವೇ ಇಲ್ಲ. 1752ಕ್ಕೆ ಮುಂಚೆ ಇಂಗ್ಲೆಂಡಿನಲ್ಲೂ ಅದರ ವಸಾಹತುಗಳಲ್ಲೂ ವರ್ಷ ಬದಲಾಗುತ್ತಿದ್ದದ್ದು ಮಾರ್ಚ್ 25ಕ್ಕೆ. ಆ ಲೆಕ್ಕದಲ್ಲಿ 1720ರ ಏಪ್ರಿಲ್ ಕಳೆದು ಹತ್ತು ತಿಂಗಳಿಗೆ 1720ರ ಫೆಬ್ರವರಿ ಬರುತ್ತದೆ. ಜಾರ್ಜ್ ವಾಷಿಂಗ್ಟನ್ ಹುಟ್ಟಿದ್ದು ಕೂಡ ಹಳೆಯ ಲೆಕ್ಕದಲ್ಲಿ 1731ರ ಫೆಬ್ರವರಿ, ಈಗಿನ ಲೆಕ್ಕದಲ್ಲಿ 1732ರ ಫೆಬ್ರವರಿ. ಕೆಲವು ಗುಮಾಸ್ತರು ಗೊಂದಲ ಬೇಡವೆಂದು 1720/21 ಎಂದು ಬರೆಯುತ್ತಿದ್ದರು. ನಿಮ್ಮ ಊರಿನವನು ಬರೆದಿಲ್ಲ. ಮುನ್ನೂರು ವರ್ಷಗಳ ಹಿಂದಿನ ಹೆಣ್ಣುಮಗಳು ಎದ್ದು ಬಂದು ನಿಮಗೆ ಜವಾಬು ಹೇಳಲಾರಳು. ಆ ಭಾಗವನ್ನು ಒಂದು ವಾಕ್ಯವೂ ಉಳಿಯದಂತೆ ತೆಗೆಯಿರಿ.

1790ರ ಜನಗಣತಿಯಲ್ಲಿ ಹೆಸರಿಲ್ಲದ್ದರಿಂದ ಮೊಮ್ಮಗನ ಹೆಂಡತಿ ಅಷ್ಟರೊಳಗೆ ತೀರಿಕೊಂಡಿರಬೇಕು ಎಂದಿದ್ದೀರಿ. 1840ರವರೆಗೂ ಗಣತಿಯಲ್ಲಿ ಬರೆಯುತ್ತಿದ್ದದ್ದು ಮನೆಯ ಯಜಮಾನನ ಹೆಸರು ಮಾತ್ರ. 1790ರಲ್ಲಂತೂ ಬಿಳಿಯ ಹೆಂಗಸರಿಗೆ ವಯಸ್ಸಿನ ಭೇದವೂ ಇಲ್ಲದ ಒಂದೇ ಅಂಕಣ. ಅಜ್ಜಿ, ಸೊಸೆ, ಹಸುಗೂಸು ಎಲ್ಲರೂ ಸೇರಿ ಒಂದು ಸಂಖ್ಯೆ. ಅವಳು ಆ ಸಂಖ್ಯೆಯೊಳಗೆ ಇದ್ದಿರಬಹುದು.

ಈಗ ನನ್ನನ್ನು ನಿಜವಾಗಿ ಕಾಡಿದ ಸಂಗತಿಗೆ ಬರುತ್ತೇನೆ. ಆ ದಂಪತಿಯ ಮಗ ಸತ್ತಾಗ, 1750ರ ದಶಕದಲ್ಲಿ, ನೆರೆಯವರು ಮನೆಗೆ ಬಂದು ಮಾಡಿದ ಆಸ್ತಿಪಟ್ಟಿಯನ್ನು ನೀವು ಇದ್ದ ಹಾಗೆಯೇ ಕೊಟ್ಟಿದ್ದೀರಿ: ಗರಿ ತುಂಬಿದ ಹಾಸಿಗೆ, ತವರದ ತಟ್ಟೆಗಳು, ಒಂದು ಜೋಡಿ ಎತ್ತು, ಎರಡು ಹಸು, 'ಒಬ್ಬ ನೀಗ್ರೋ ಹುಡುಗ', ನೇಗಿಲು. ಪ್ರತಿಯೊಂದರ ಮುಂದೆಯೂ ಬೆಲೆ. ಮುಂದಿನ ವಾಕ್ಯದಲ್ಲೇ ನೀವು ನೇಗಿಲಿನ ವರ್ಣನೆಗೆ ಹೋಗಿಬಿಟ್ಟಿರಿ. ಹಸುವಿಗೂ ನೇಗಿಲಿಗೂ ನಡುವೆ ಒಂದು ಮಗುವಿದೆ! ಗುಲಾಮಗಿರಿ ಎಂದರೆ ದಕ್ಷಿಣದ ಹತ್ತಿ ಹೊಲಗಳು ಎಂದುಕೊಂಡಿರುವ ನಮ್ಮ ಓದುಗರಿಗೆ, ಉತ್ತರದ ಒಂದು ಸಾಧಾರಣ ರೈತನ ಮನೆಯಲ್ಲೂ ಅದು ಇತ್ತು ಎಂದು ತೋರಿಸುವ ಸಾಲು ಅದು. ದಾಖಲೆಯಲ್ಲಿ ಇಲ್ಲದ ಕಳಂಕಕ್ಕೆ ಅಷ್ಟು ಪುಟ ಕೊಟ್ಟವರು ದಾಖಲೆಯಲ್ಲಿ ಇರುವ ಹುಡುಗನಿಗೆ ಒಂದು ವಾಕ್ಯವನ್ನಾದರೂ ಕೊಡಬೇಕಿತ್ತು.

ಅವನನ್ನು ಹುಡುಕಿ. ಅದೇ ಕಡತದಲ್ಲಿ ಆಸ್ತಿ ಹಂಚಿಕೆಯ ಕಾಗದವಿದ್ದರೆ ಅವನು ಯಾರ ಪಾಲಿಗೆ ಹೋದನೆಂದು ತಿಳಿಯಬಹುದು. ಚರ್ಚಿನ ದೀಕ್ಷಾಸ್ನಾನದ ಪಟ್ಟಿಯಲ್ಲಿ ಹೆಸರು ಸಿಕ್ಕೀತು. ಮೆಸಾಚುಸೆಟ್ಸ್‌ನ ಊರುಗಳ 1850ರವರೆಗಿನ ಜನನ, ಮದುವೆ, ಮರಣಗಳ ಅಚ್ಚಾದ ಸಂಪುಟಗಳನ್ನು ನೋಡುವಾಗ ಅಕಾರಾದಿ ಮುಗಿಯಿತೆಂದು ಪುಸ್ತಕ ಮುಚ್ಚಬೇಡಿ; ಅನೇಕ ಸಂಪುಟಗಳಲ್ಲಿ ಕಪ್ಪು ಜನರನ್ನು ಎಲ್ಲರ ಹೆಸರೂ ಮುಗಿದ ಮೇಲೆ ಪ್ರತ್ಯೇಕವಾಗಿ ಹಾಕಿದ್ದಾರೆ. ಸ್ವಾತಂತ್ರ್ಯ ಯುದ್ಧದ ಸೈನಿಕರ ಪಟ್ಟಿಗಳನ್ನೂ ನೋಡಿ, ಅದರಲ್ಲಿ ಕಪ್ಪು ಸೈನಿಕರಿದ್ದಾರೆ. 1783ರ ಹೊತ್ತಿಗೆ ನ್ಯಾಯಾಲಯದ ತೀರ್ಪುಗಳಿಂದ ಮೆಸಾಚುಸೆಟ್ಸ್‌ನಲ್ಲಿ ಗುಲಾಮಗಿರಿಗೆ ನೆಲೆ ತಪ್ಪಿತು. ಅಲ್ಲಿಯವರೆಗೆ ಬದುಕಿದ್ದರೆ 1790ರ ಗಣತಿಯಲ್ಲಿ ಅವನೇ ಒಂದು ಮನೆಯ ಯಜಮಾನನಾಗಿ ಹೆಸರು ಸಮೇತ ಸಿಗಲೂಬಹುದು. ಏನೂ ಸಿಗದಿದ್ದರೆ, ಎಲ್ಲೆಲ್ಲಿ ಹುಡುಕಿದಿರಿ ಎಂಬುದನ್ನೇ ಬರೆಯಿರಿ. ಅದೂ ಆ ಮನೆತನದ ಚರಿತ್ರೆಯೇ.

ಕೊನೆಯಲ್ಲಿ ನಮ್ಮ ಹೆಳವರನ್ನು ತಂದಿರುವುದು ಬೇಡ. ಮನೆಮನೆಗೆ ಬಂದು ವಂಶಾವಳಿ ಹೇಳುವ ಅವರ ವಿದ್ಯೆ ದೊಡ್ಡದು, ನನಗೂ ಅದರ ಮೇಲೆ ಬಹಳ ಗೌರವ. ಬೇರೆಯೇ ಲೇಖನ ಬರೆಯಿರಿ, ಸಂತೋಷದಿಂದ ಓದುತ್ತೇನೆ. ಇಲ್ಲಿ ಅದು ಕನ್ನಡ ಓದುಗರನ್ನು ಮೆಚ್ಚಿಸಲು ಅಂಟಿಸಿದಂತಿದೆ.

ವಿಧವೆಗೆ ಪೂರ್ವದ ಕೋಣೆ, ಬಾವಿಯ ನೀರು, ಚಳಿಗಾಲದ ಸೌದೆಯ ಹಕ್ಕು ಬರೆದಿಟ್ಟ ಉಯಿಲಿನ ಭಾಗ ಬಹಳ ಚೆನ್ನಾಗಿದೆ. ಅದರಲ್ಲಿ ಒಂದಕ್ಷರ ತಿದ್ದಬೇಡಿ. ಹೊಸ ಪ್ರತಿಯ ಜೊತೆಗೆ ಆಸ್ತಿಪಟ್ಟಿಯ ಆ ಪುಟದ ಸ್ಪಷ್ಟವಾದ ಚಿತ್ರ ಕಳುಹಿಸಿ. ಲೇಖನದ ಪಕ್ಕದಲ್ಲೇ ಅಚ್ಚು ಹಾಕಬೇಕೆಂದಿದ್ದೇನೆ.

ನಿಮ್ಮ,
ಸಂಪಾದಕ