ಸಂಪಾದಕರ ಉತ್ತರ: ಸತ್ತ ಸೀಸರನ ಹೆಸರು

ಮಾನ್ಯರೇ,

ಕಳೆದ ಸಂಚಿಕೆಯ ಭಾಷಾತತ್ತ್ವದ ಲೇಖನವನ್ನು ಓದಿ ನೀವು ಎತ್ತಿರುವ ಆಕ್ಷೇಪ ಇದು: ಮಧ್ಯಯುಗದ ಯುರೋಪಿನ ಪಂಡಿತರಿಗೆ ಪದದ ಅರ್ಥವೆಂದರೆ ಒಮ್ಮೆ ನಿಗದಿಯಾಗಿ ಮತ್ತೆ ಕದಲದ ಸಂಗತಿಯಾಗಿತ್ತು, ಅರ್ಥವು ಆಡುವವರನ್ನು ಅವಲಂಬಿಸಿದೆಯೆಂಬ ವಿಚಾರ 20ನೆಯ ಶತಮಾನದ್ದು. ಈ ಮಾತನ್ನು ನಾನು ಒಪ್ಪಲಾರೆ.

ಹೊಗೆ ಬೆಂಕಿಯನ್ನು ಸೂಚಿಸುವಂತಹ ಸಹಜ ಸಂಕೇತಗಳನ್ನೂ ಮನುಷ್ಯರು ಬೇಕೆಂದೇ ಕೊಡುವ ಸಂಕೇತಗಳನ್ನೂ ಆದಿಕಾಲದ ಕ್ರೈಸ್ತ ಚಿಂತಕ ಸಂತ ಆಗಸ್ಟೀನ್ ಬೇರ್ಪಡಿಸಿದ್ದು ನಿಮಗೆ ತಿಳಿದೇ ಇದೆ. ಆದರೆ ನಿಮ್ಮ ಆಕ್ಷೇಪಕ್ಕೆ ನೇರವಾದ ಉತ್ತರ ಸಿಗುವುದು ಫ್ರಾನ್ಸಿಸ್ಕನ್ ಸಂನ್ಯಾಸಿ ರೋಜರ್ ಬೇಕನ್ನನಲ್ಲಿ. ಸುಮಾರು 1267ರಲ್ಲಿ ರಚಿತವಾದ ಅವನ ‘ಡೆ ಸಿಗ್ನಿಸ್’ (‘ಸಂಕೇತಗಳನ್ನು ಕುರಿತು’) ಎಂಬ ಲ್ಯಾಟಿನ್ ಕೃತಿ 1978ರವರೆಗೆ ಅಚ್ಚಾಗಿರಲಿಲ್ಲ. ಅವನ ವಿಚಾರಗಳು ನಮ್ಮ ಚರ್ಚೆಗಳಲ್ಲಿ ಇಷ್ಟು ವಿರಳವಾಗಿರಲು ಅದೂ ಒಂದು ಕಾರಣವೆಂದು ನನಗನ್ನಿಸುತ್ತದೆ. ವೈನ್ ಮಾರುವ ಪಡಖಾನೆಯ ಮುಂದೆ ಇಲ್ಲಿ ವೈನ್ ಸಿಗುತ್ತದೆಂದು ತಿಳಿಸಲು ತೂಗುಹಾಕುವ ಬಳೆಯಾಕಾರದ ಗುರುತನ್ನು ಅವನು ಮನುಷ್ಯಕೃತ ಸಂಕೇತಕ್ಕೆ ಉದಾಹರಣೆಯಾಗಿ ಕೊಡುತ್ತಾನೆ. ಸಂಕೇತಕ್ಕೆ ಎರಡು ಸಂಬಂಧಗಳಿವೆ, ಒಂದು ಸೂಚಿತವಾಗುವ ವಸ್ತುವಿನೊಡನೆ, ಇನ್ನೊಂದು ಅದನ್ನು ಗ್ರಹಿಸುವವನೊಡನೆ. ಎರಡರಲ್ಲಿ ಗ್ರಹಿಸುವವನೊಡನೆ ಇರುವ ಸಂಬಂಧವೇ ಪ್ರಧಾನವೆಂದೂ, ಗ್ರಹಿಸುವವನೇ ಇಲ್ಲವಾದರೆ ಸಂಕೇತವು ಸಂಕೇತವಾಗಿ ಉಳಿಯದೆಂದೂ ಅವನ ನಿಲುವು.

ಇಲ್ಲಿಂದ ಅವನು ಇನ್ನೂ ದಿಟ್ಟವಾದ ಹೆಜ್ಜೆಯಿಡುತ್ತಾನೆ. ಬದುಕಿದ್ದ ರೋಮಿನ ಸೀಸರನಿಗೆ ಇಟ್ಟ ಹೆಸರು ಸತ್ತ ಸೀಸರನನ್ನು ಅದೇ ಅರ್ಥದಲ್ಲಿ ಸೂಚಿಸಲಾರದು. ಇರುವುದಕ್ಕೂ ಇಲ್ಲದ್ದಕ್ಕೂ ಸಮಾನವಾದುದೇನೂ ಇಲ್ಲ. ಆದರೂ ನಾವು ಸತ್ತವರ ಹೆಸರು ಹೇಳಿ ಮಾತಾಡುತ್ತೇವಲ್ಲ? ಆಗೆಲ್ಲ ಆ ಹೆಸರನ್ನು ನಾವೇ, ನಮಗೆ ಅರಿವಿಲ್ಲದಂತೆ, ಹೊಸದಾಗಿ ಇಡುತ್ತಿರುತ್ತೇವೆ ಎನ್ನುತ್ತಾನೆ ಬೇಕನ್. ಹೆಸರಿಡುವ ಅಧಿಕಾರ ಯಾವುದೋ ಆದಿಪುರುಷನೊಬ್ಬನಲ್ಲಿ ಮುಗಿದುಹೋಗದೆ ಪ್ರತಿಯೊಬ್ಬ ಮಾತುಗಾರನ ಬಾಯಲ್ಲೂ ದಿನವೂ ನಡೆಯುತ್ತಿರುತ್ತದೆಂಬ ಈ ಮಾತು 13ನೆಯ ಶತಮಾನದ್ದು ಎಂಬುದನ್ನು ದಯವಿಟ್ಟು ಗಮನಿಸಿ. ಶಿಲುಬೆಯ ಮರಣಕ್ಕೂ ಪುನರುತ್ಥಾನಕ್ಕೂ ನಡುವಿನ ದಿನಗಳಲ್ಲಿ ಕ್ರಿಸ್ತನನ್ನು ‘ಮನುಷ್ಯ’ ಎನ್ನಬಹುದೇ ಎಂದು ದೇವತಾಶಾಸ್ತ್ರಜ್ಞರು ವಾದಿಸುತ್ತಿದ್ದ ಕಾಲದಲ್ಲಿ ಇದು ಬರಿಯ ತರ್ಕದ ಕಸರತ್ತಾಗಿರಲಿಲ್ಲ.

ಒಮ್ಮೆ ಇಟ್ಟ ಹೆಸರು ವಸ್ತು ಅಳಿದರೂ ತನ್ನ ಅರ್ಥವನ್ನು ಉಳಿಸಿಕೊಳ್ಳುತ್ತದೆ ಎಂದು ವಾದಿಸಿದ ಪ್ರತಿಪಕ್ಷವೂ ಬಲವಾಗಿತ್ತು. ನಿಮ್ಮ ಪತ್ರದಲ್ಲಿರುವ ಚಿತ್ರ ಆ ಪಕ್ಷಕ್ಕೆ ಸ್ವಲ್ಪಮಟ್ಟಿಗೆ ಹೊಂದುತ್ತದೆ, ಇಡೀ ಯುಗಕ್ಕಲ್ಲ. ಪದವು ಸೂಚಿಸುವುದು ವಸ್ತುವನ್ನೋ ಮನಸ್ಸಿನ ಪರಿಕಲ್ಪನೆಯನ್ನೋ ಎಂಬುದನ್ನು ಬೇಕನ್ನನ ನಂತರದ ತತ್ತ್ವಜ್ಞಾನಿ ಡನ್ಸ್ ಸ್ಕೋಟಸ್ ದೊಡ್ಡ ಜಗಳವೆಂದೇ ಕರೆದನು. ಮುಂದೆ 14ನೆಯ ಶತಮಾನದ ತತ್ತ್ವಜ್ಞಾನಿ ವಿಲಿಯಂ ಆಫ್ ಆಕಮ್ ಪರಿಕಲ್ಪನೆಯನ್ನೇ ಸಹಜ ಸಂಕೇತವೆಂದು ಪರಿಗಣಿಸಿ, ಆಡುವ ಮತ್ತು ಬರೆಯುವ ಪದಗಳನ್ನು ರೂಢಿಯಿಂದ ಅದಕ್ಕೆ ಅಧೀನವಾದವುಗಳೆಂದನು; ಆದರೂ ಪದ ಸೂಚಿಸುವುದು ವಸ್ತುವನ್ನೇ ಎಂಬ ನಿಲುವನ್ನು ಅವನು ಬಿಡಲಿಲ್ಲ.

— ಸಂಪಾದಕ