ಹೀಲ್ಸ್ ಹಾಕ್ಕೊಂಡೇ ಉದ್ದ ಅಳೆಯಿರಿ

ಕಳೆದ ಸಂಚಿಕೆಯಲ್ಲಿ ಗೌನ್ ಹೊಲಿಗೆ ಬಗ್ಗೆ ಎರಡು ಸಾಲು ಬರೆದದ್ದೇ ತಪ್ಪಾಯ್ತು. ಈ ಸಲ ಬಂದ ಪತ್ರಗಳೆಲ್ಲ ಮಿಸ್ ವರ್ಲ್ಡ್, ಮಿಸ್ ಯೂನಿವರ್ಸ್ ಬಗ್ಗೆ! ಘಾಟ್ಕೋಪರಿನಲ್ಲಿ ಮೂವತ್ತು ವರ್ಷ ಹೊಲಿಗೆ ಅಂಗಡಿ ಇಟ್ಟವಳು ನಾನು. ನನಗೆ ಗೊತ್ತಿರುವಷ್ಟು ಹೇಳ್ತೇನೆ.

ಪ್ರಶ್ನೆ: ಅಕ್ಕ, ಮಗಳಿಗೆ 19 ವರ್ಷ. ಬಿ.ಕಾಂ. ಎರಡನೇ ವರ್ಷ. ಒಳ್ಳೆ ಎತ್ತರ ಇದ್ದಾಳೆ. ಮಿಸ್ ವರ್ಲ್ಡ್‌ಗೆ ಹೋಗಬೇಕು ಅಂತ ಒಂದೇ ಹಟ. ಗ್ರೂಮಿಂಗ್ ಕ್ಲಾಸಿನವರೊಬ್ಬರು 85,000 ರೂಪಾಯಿ ಕಟ್ಟಿದರೆ ಫೈನಲ್‌ವರೆಗೆ ಗ್ಯಾರಂಟಿ ಅಂತಾರೆ. ನಮ್ಮ ಯಜಮಾನರು ಮಾತೇ ಬಿಟ್ಟಿದ್ದಾರೆ. ಕುಂದಾಪುರದಿಂದ ಅತ್ತೆ ದಿನಾ ಫೋನ್ ಮಾಡಿ ಮಾನ ಹೋಯ್ತು ಅಂತ ಅಳ್ತಾರೆ. ಏನು ಮಾಡಲಿ?
– ಒಬ್ಬ ತಾಯಿ, ಡೊಂಬಿವಲಿ

ಉತ್ತರ: ಮೊದಲು ಆ 85,000ದ ವಿಷಯ. ಕಟ್ಟಬೇಡಿ. ನಡಿಗೆ, ಮಾತು ಕಲಿಸ್ತೇವೆ ಅಂದ್ರೆ ಅದು ಟ್ಯೂಷನ್. ಫೀಸು ಕೊಡೋದು ಬಿಡೋದು ನಿಮ್ಮಿಷ್ಟ. ಫೈನಲ್ ಗ್ಯಾರಂಟಿ ಅಂದ್ರೆ ಅದು ಬೇರೆ ವ್ಯಾಪಾರ. ನನ್ನ ತಂಗಿ ಮಗಳಿಗೂ ಹೀಗೇ ಒಬ್ಬ ಸಿಕ್ಕಿದ್ದ. ಅಂಧೇರಿಯಲ್ಲಿ ಎರಡು ಕೋಣೆಯ ಆಫೀಸು, ಗೋಡೆ ತುಂಬ ಹುಡುಗಿಯರ ಫೋಟೋ. ಪೋರ್ಟ್‌ಫೋಲಿಯೋ ಅಂತ 40,000 ತಗೊಂಡ. ಕೊಟ್ಟಿದ್ದು ಹನ್ನೆರಡು ಫೋಟೋ, ಒಂದು ಸಿಡಿ. ಮೂರು ತಿಂಗಳು ಬಿಟ್ಟು ಹೋದರೆ ಆ ಜಾಗದಲ್ಲಿ ಕೊರಿಯರ್ ಆಫೀಸು. ಸಿಡಿ ಈಗಲೂ ನನ್ನ ಕಪಾಟಿನಲ್ಲಿದೆ. ಹಾಕಿ ನೋಡೋಣ ಅಂದ್ರೆ ಮನೆಯಲ್ಲಿ ಪ್ಲೇಯರ್ ಇಲ್ಲ.

ಇನ್ನು ದಾರಿ. ಮಿಸ್ ವರ್ಲ್ಡ್‌ಗೆ ನೇರವಾಗಿ ಯಾರೂ ಹೋಗುವ ಹಾಗಿಲ್ಲ. ಒಂದು ದೇಶದಿಂದ ಒಬ್ಬಳು. ನಮ್ಮಲ್ಲಿ ಅವಳನ್ನು ಆರಿಸೋದು ಫೆಮಿನಾ ಮಿಸ್ ಇಂಡಿಯಾ. 2017ರಿಂದ ಅಲ್ಲಿ ರಾಜ್ಯಕ್ಕೊಬ್ಬರು ಅಂತ ನಿಲ್ಲಿಸ್ತಾರೆ. ಮಿಸ್ ಯೂನಿವರ್ಸ್ ಬೇರೆಯವರದು, ಅದಕ್ಕೆ ಇಲ್ಲಿನ ಸ್ಪರ್ಧೆಯೂ ಬೇರೆ. ಫಾರ್ಮು ಮಗಳೇ ತುಂಬಲಿ. ಮಧ್ಯದವನು ಯಾಕೆ ಬೇಕು?

ಮಾನ ಮರ್ಯಾದೆಗೆ ಬರೋಣ. ಅದಕ್ಕೆ ಮೊದಲು ಒಂದು ಕಥೆ. ಕಾಲೇಜು ಸ್ಪರ್ಧೆಗೆ ಅಂತ ಚೆಂಬೂರಿನ ಹುಡುಗಿ ಒಬ್ಬಳು ಗೌನ್ ಹೊಲಿಸಿದಳು. ದಾದರಿನ ಹಿಂದ್‌ಮಾತಾದಿಂದ ತಂದ ಸ್ಯಾಟಿನ್, ಕಡು ಹಸಿರು. ಟ್ರಯಲ್‌ಗೆ ರಬ್ಬರ್ ಚಪ್ಪಲಿಯಲ್ಲಿ ಬಂದಳು. ನನ್ನ ಬುದ್ಧಿಗೆ ಏನಾಗಿತ್ತೋ, ಹಾಗೇ ಉದ್ದ ಗುರುತು ಹಾಕಿದೆ. ಸ್ಪರ್ಧೆಯ ದಿನ ನಾಲ್ಕಿಂಚು ಹೀಲ್ಸ್! ಗೌನು ಪಾದ ಬಿಟ್ಟು ಮೇಲೆ ನಿಂತಿತು. ಒಳಗೆ ಮಡಚಿ ಬಿಟ್ಟಿದ್ದ ಮೂರಿಂಚು ಬಟ್ಟೆ ಬಿಚ್ಚಿ, ಗ್ರೀನ್ ರೂಮಿನ ನೆಲದ ಮೇಲೆ ಕೂತು ಸುತ್ತ ಹೆಮ್ಮಿಂಗ್ ಹಾಕಿದೆ. ಎದ್ದು ನಿಲ್ಲುವಷ್ಟರಲ್ಲಿ ಬೆನ್ನಿನ ಜಿಪ್ ಕೈಕೊಟ್ಟಿತು. ಏನು ಮಾಡ್ತೀರಿ? ಹುಡುಗಿ ಒಳಗಿರುವಾಗಲೇ ಬೆನ್ನನ್ನು ಸೂಜಿಯಲ್ಲಿ ಹೊಲಿದುಬಿಟ್ಟೆ. ಉಸಿರು ಜಾಸ್ತಿ ಎಳೀಬೇಡ ಮಾರಾಯ್ತಿ ಅಂದೆ. ಅವಳ ಬೆನ್ನು ಸಣ್ಣಗೆ ನಡುಗುತ್ತಿತ್ತು, ಸೂಜಿ ಹಿಡಿದ ಕೈಗೆ ಗೊತ್ತಾಗುತ್ತಿತ್ತು. ಬೆಳಿಗ್ಗೆಯಿಂದ ತಿಂದಿದ್ದು ಎರಡು ಖರ್ಜೂರ ಅಂತೆ. ಹೊರಗೆ ಹೋಗಿ ನಕ್ಕಳು ನೋಡಿ, ಏನೂ ಆಗಿಲ್ಲ ಅನ್ನುವ ಹಾಗೆ. ಎರಡನೇ ಬಹುಮಾನ ಬಂತು. ಕತ್ತರಿಯಿಂದ ಗೌನು ಬಿಡಿಸಿದ ಮೇಲೆ ಗೋಡೆಗೆ ಒರಗಿ ಕೂತು ನಾಲ್ಕು ವಡಾಪಾವ್ ತಿಂದಳು.

ಅತ್ತೆಯವರಿಗೆ ಇದನ್ನು ಹೇಳಿ. ಇದು ಮೈ ಮುರಿಯುವ ಕೆಲಸ, ಅವರು ಗದ್ದೆಯಲ್ಲಿ ಮಾಡಿದ ಹಾಗೇ. ಕೆಲಸ ಅಂದ ಮೇಲೆ ಕೇಳಬೇಕಾದ್ದು ಯಾವ ಬಟ್ಟೆ ಹಾಕ್ತಾಳೆ ಅಂತಲ್ಲ. ಖರ್ಚು ಯಾರದು, ಗೆದ್ದರೆ ಎಷ್ಟು ಸಮಯ ಅವರ ಕೈಯಲ್ಲಿ ಇರಬೇಕು, ಜಾಹೀರಾತಿನ ದುಡ್ಡಲ್ಲಿ ಇವಳ ಪಾಲೆಷ್ಟು, ಬೇಡ ಅನ್ನಿಸಿದರೆ ಬಿಟ್ಟು ಬರಬಹುದಾ? ಒಪ್ಪಂದದ ಕಾಗದ ಬಂದ ದಿನ ನಿಮ್ಮ ಯಜಮಾನರು ಕನ್ನಡಕ ಹಾಕ್ಕೊಂಡು ಪೂರ್ತಿ ಓದಲಿ. ಮೌನ ಮುರಿಯಲಿಕ್ಕೂ ಒಂದು ನೆಪ ಆಯ್ತು. ಬಿ.ಕಾಂ. ಮಾತ್ರ ಬಿಡಿಸಬೇಡಿ.

ಪ್ರಶ್ನೆ: ಓದು ಮತ್ತು ಕಿರೀಟ ಎರಡನ್ನೂ ಒಟ್ಟಿಗೆ ಸಂಭಾಳಿಸಿದವರು ನಿಜಕ್ಕೂ ಇದ್ದಾರಾ?
– ವಿದ್ಯಾರ್ಥಿನಿ, ಮಾಟುಂಗಾ

ಉತ್ತರ: ನಿಮ್ಮ ಮುಂಬೈಯಲ್ಲೇ ಇದ್ದರು! ರೀಟಾ ಫಾರಿಯಾ. ಗೋವಾ ಮೂಲದ ಮನೆ, ಹುಟ್ಟಿದ್ದು ಮುಂಬೈಯಲ್ಲಿ. 1966ರಲ್ಲಿ ಲಂಡನ್ನಿನಲ್ಲಿ ಮಿಸ್ ವರ್ಲ್ಡ್ ಆದಾಗ ಗ್ರಾಂಟ್ ಮೆಡಿಕಲ್ ಕಾಲೇಜಿನ ವಿದ್ಯಾರ್ಥಿನಿ. ಏಷ್ಯಾದಿಂದ ಈ ಕಿರೀಟ ಗೆದ್ದ ಮೊದಲಿಗರು ಅವರೇ. ಕಡ ತಂದ ಬಟ್ಟೆಯಲ್ಲಿ ಹೋಗಿದ್ದರು. ಒಂದು ವರ್ಷದ ಓಡಾಟ ಮುಗಿದದ್ದೇ ಸಿನಿಮಾ, ಮಾಡೆಲಿಂಗ್ ಎಲ್ಲ ಬೇಡ ಅಂದು ಮತ್ತೆ ಪುಸ್ತಕ ಹಿಡಿದರು. ಡಾಕ್ಟರ್ ಆಗಿ ಐರ್ಲೆಂಡಿನಲ್ಲಿ ನೆಲೆ ನಿಂತರು.

ಪ್ರಶ್ನೆ: 1996ರಲ್ಲಿ ಬೆಂಗಳೂರಿನಲ್ಲಿ ಮಿಸ್ ವರ್ಲ್ಡ್ ಮಾಡಿದಾಗ ಎಷ್ಟೊಂದು ಗಲಾಟೆ. 2024ರಲ್ಲಿ ನಮ್ಮ ಮುಂಬೈಯ ಬಿಕೆಸಿಯಲ್ಲೇ (ಬಾಂದ್ರಾ-ಕುರ್ಲಾ ಕಾಂಪ್ಲೆಕ್ಸ್) ಆಯ್ತು, ಅಂಥ ಗದ್ದಲ ಏನೂ ಕಾಣಲಿಲ್ಲ. ಜನ ಬದಲಾದರಾ?
– ನಿವೃತ್ತ ಬ್ಯಾಂಕ್ ನೌಕರ, ಮುಲುಂಡ್

ಉತ್ತರ: ಜನವೂ ಬದಲಾದರು, ಸ್ಪರ್ಧೆಯೂ ಬದಲಾಯ್ತು. ಆಗ ನಡೆಸಿದ್ದು ಅಮಿತಾಭ್ ಬಚ್ಚನ್ ಅವರ ಎಬಿಸಿಎಲ್ ಕಂಪನಿ. ಜಾಗ ಚಿನ್ನಸ್ವಾಮಿ ಸ್ಟೇಡಿಯಂ, ದಿನ ನವೆಂಬರ್ 23. ಎಡದವರು, ಬಲದವರು, ರೈತ ಸಂಘದವರು ಎಲ್ಲ ಒಂದೇ ಕಡೆ ನಿಂತು ಬೇಡ ಅಂದ ಅಪರೂಪದ ಸಂದರ್ಭ ಅದು. ಕೊನೆಗೆ ಈಜುಡುಗೆಯ ಸುತ್ತನ್ನು ಸೆಶೆಲ್ಸ್ ದ್ವೀಪಕ್ಕೆ ಸಾಗಿಸಿದರು. ಗೆದ್ದದ್ದು ಗ್ರೀಸಿನ ಐರೀನ್ ಸ್ಕ್ಲಿವಾ. ನಾನು ಟಿವಿಯಲ್ಲಿ ನೋಡಿದ್ದೆ, ಅಂಗಡಿ ಬೇಗ ಮುಚ್ಚಿ.

ತಮಾಷೆ ಅಂದ್ರೆ ಈ ಮಿಸ್ ವರ್ಲ್ಡ್ ಹುಟ್ಟಿದ್ದೇ ಈಜುಡುಗೆಯಿಂದ. 1951ರಲ್ಲಿ ಲಂಡನ್ನಿನಲ್ಲಿ ಎರಿಕ್ ಮಾರ್ಲಿ ಎಂಬವರು ಒಂದು ಉತ್ಸವದ ನೆಪದಲ್ಲಿ ಬಿಕಿನಿ ಸ್ಪರ್ಧೆ ಇಟ್ಟರು, ಅದೇ ಬೆಳೆಯಿತು. ಈಗ ಅವರ ಹೆಂಡತಿ ಜೂಲಿಯಾ ಮಾರ್ಲಿ ನಡೆಸ್ತಾರೆ. ಈಜುಡುಗೆಯ ಸುತ್ತು 2015ರಿಂದ ಇಲ್ಲ. ಹಾಗಂತ ಎಲ್ಲ ಸರಿಹೋಯ್ತು ಅಂತಲ್ಲ. 2025ರಲ್ಲಿ ಹೈದರಾಬಾದಿನಲ್ಲಿ ನಡೆದಾಗ ಮಿಸ್ ಇಂಗ್ಲೆಂಡ್ ಆಗಿದ್ದ ಹುಡುಗಿ ಅರ್ಧದಲ್ಲೇ ಬಿಟ್ಟು ಊರಿಗೆ ಹೋದಳು. ದುಡ್ಡು ಹಾಕಿದವರ ಮನರಂಜನೆಗೆ ನಮ್ಮನ್ನು ಕೂರಿಸಿದರು ಅಂತ ಅವಳ ದೂರು. ಸಂಘಟಕರು ಇಲ್ಲ ಅಂದರು. ನಾವು ಬೀದಿಗಿಳಿದದ್ದು ಬಟ್ಟೆಗಾಗಿ. ಊಟದ ಮೇಜಿನಲ್ಲಿ ಹುಡುಗಿಯನ್ನು ಯಾರ ಪಕ್ಕ ಕೂರಿಸ್ತಾರೆ ಅಂತ ಆಗ ಯಾರು ಕೇಳಿದ್ದರು?

ಪ್ರಶ್ನೆ: ಐಶ್ವರ್ಯಾ ರೈ ಬಿಟ್ಟರೆ ನಮ್ಮ ಕಡೆಯವರು ಯಾರೂ ಇಲ್ವಾ?
– ಓದುಗ, ಥಾಣೆ

ಉತ್ತರ: ಇದ್ದಾರಲ್ಲ! ಉಡುಪಿ ಕಡೆಯ ಮೂಲದ ಆಡ್ಲಿನ್ ಕ್ಯಾಸ್ಟೆಲಿನೋ 2020ರ ಮಿಸ್ ಯೂನಿವರ್ಸ್‌ನಲ್ಲಿ ಮೂರನೇ ರನ್ನರ್ ಅಪ್. ಕೊರೋನಾದಿಂದ ಆ ಸ್ಪರ್ಧೆ ನಡೆದದ್ದು 2021ರ ಮೇ ತಿಂಗಳಲ್ಲಿ. ಸಿನಿ ಶೆಟ್ಟಿ ಹುಟ್ಟಿದ್ದು ಮುಂಬೈ, ಮಿಸ್ ಇಂಡಿಯಾ 2022ರಲ್ಲಿ ನಿಂತದ್ದು ಕರ್ನಾಟಕದ ಹೆಸರಲ್ಲಿ. ಭರತನಾಟ್ಯ ಕಲಿತವಳು. ಬಿಕೆಸಿಯ ಮಿಸ್ ವರ್ಲ್ಡ್‌ನಲ್ಲಿ ಕೊನೆಯ ಎಂಟರವರೆಗೆ ಹೋದಳು. ಕಿರೀಟ ಚೆಕ್ ದೇಶದ ಕ್ರಿಸ್ಟಿನಾ ಪಿಸ್ಕೋವಾಗೆ ಹೋಯ್ತು. ಆ ರಾತ್ರಿ ನಮ್ಮ ಬಿಲ್ಡಿಂಗಿನ ಶೆಟ್ರು ಒಬ್ಬರು ಅವರ ಮನೆ ಮಗಳೇ ಸೋತ ಹಾಗೆ ಮುಖ ಮಾಡಿಕೊಂಡಿದ್ದರು.

ಪ್ರಶ್ನೆ: ಮದುವೆಯಾಗಿ ಮಗು ಇದೆ. ವಯಸ್ಸು 31. ನನಗೆ ಈ ಜನ್ಮದಲ್ಲಿ ಇಲ್ಲ ಅಲ್ವಾ ಅಕ್ಕ? ಸುಮ್ನೆ ಕೇಳಿದೆ.
– ಗೃಹಿಣಿ, ಪುಣೆ

ಉತ್ತರ: ಸುಮ್ನೆ ಯಾರೂ ಅಂಚೆ ಖರ್ಚು ಮಾಡಿ ಕೇಳೋದಿಲ್ಲ! ಮಿಸ್ ವರ್ಲ್ಡ್ ನಿಮಗಿಲ್ಲ. ಅಲ್ಲಿ ಮದುವೆ, ಮಗು ಎರಡೂ ಆಗದು. 2018ರಲ್ಲಿ ಮಿಸ್ ಉಕ್ರೇನ್ ಆದವಳಿಗೆ ಮಗು ಇದೆ ಅಂತ ಗೊತ್ತಾಗಿ ಕಿರೀಟ ವಾಪಸ್ ತಗೊಂಡರು. ಮಿಸ್ ಯೂನಿವರ್ಸ್ ಮಾತ್ರ 2023ರಿಂದ ಮದುವೆಯಾದವರಿಗೂ ತಾಯಂದಿರಿಗೂ ಬಾಗಿಲು ತೆಗೆದಿದೆ. 2024ರಿಂದ ವಯಸ್ಸಿನ ಮಿತಿಯನ್ನೂ ತೆಗೆದರು. ಇದೇನು ಹೊಸತಲ್ಲ ನೋಡಿ. 1952ರಲ್ಲಿ ಅಮೆರಿಕದ ಲಾಂಗ್ ಬೀಚಿನಲ್ಲಿ ನಡೆದ ಮೊದಲ ಮಿಸ್ ಯೂನಿವರ್ಸ್‌ಗೆ ನಮ್ಮಿಂದ ಹೋದ ನೃತ್ಯಗಾತಿ ಇಂದ್ರಾಣಿ ರೆಹಮಾನ್ ಆಗಲೇ ಮದುವೆಯಾಗಿ ತಾಯಿಯಾಗಿದ್ದರು.

ಪ್ರಶ್ನೆ: ಡಿಸೈನರ್ ಗೌನ್ ಇಲ್ಲದೆ ಗೆಲ್ಲೋಕೆ ಆಗುತ್ತಾ? ನೀವೇ ಹೊಲಿದು ಕೊಡ್ತೀರಾ?
– ಕಾಲೇಜು ಹುಡುಗಿ, ಕಲ್ಯಾಣ್

ಉತ್ತರ: ಸುಶ್ಮಿತಾ ಸೇನ್ 1994ರ ಮಿಸ್ ಇಂಡಿಯಾ ಗೆದ್ದ ಗೌನಿನ ಬಟ್ಟೆ ದಿಲ್ಲಿಯ ಸರೋಜಿನಿ ನಗರದ ಮಾರ್ಕೆಟ್ಟಿನದು, ಹೊಲಿದದ್ದು ಒಬ್ಬ ಸಾದಾ ದರ್ಜಿ. ಕೈಗವಸು ಹೊಸ ಸಾಕ್ಸ್ ಕತ್ತರಿಸಿ ಮಾಡಿದ್ದು. ಅವರೇ ಟಿವಿಯಲ್ಲಿ ಹೇಳಿದ್ದಾರೆ. ಆ ಸ್ಪರ್ಧೆಯಲ್ಲಿ ಐಶ್ವರ್ಯಾ ಮತ್ತು ಅವರಿಗೆ ಸಮ ಅಂಕ ಬಂದು, ಕೊನೆಗೆ ಸುಶ್ಮಿತಾಗೆ ಕೇಳಿದ ಪ್ರಶ್ನೆ ಭಾರತದ ಬಟ್ಟೆ ಪರಂಪರೆಯ ಬಗ್ಗೆ. ಎಲ್ಲ ಗಾಂಧೀಜಿಯ ಖಾದಿಯಿಂದ ಶುರುವಾಯ್ತು ಅಂದರು. ನಾನು ಜಡ್ಜ್ ಆಗಿದ್ದರೆ ಅಂಕ ಕಡಿಮೆ ಮಾಡ್ತಿದ್ದೆ. ಗಾಂಧೀಜಿಗಿಂತ ಮೊದಲು ಇಳಕಲ್ ಸೀರೆ ಇರಲಿಲ್ವಾ? ಆದರೆ ಹೇಳಿದ ರೀತಿ ಚೆಂದ ಇತ್ತು, ಅದೇ ವರ್ಷ ಮನಿಲಾದಲ್ಲಿ ಮಿಸ್ ಯೂನಿವರ್ಸೂ ಆದರು.

ನನ್ನ ಅಂಗಡಿ ಮುಚ್ಚಿ ನಾಲ್ಕು ವರ್ಷ ಆಯ್ತಮ್ಮ, ಕಣ್ಣು ದಾರ ಪೋಣಿಸಲು ಬಿಡೋದಿಲ್ಲ. ಕಲ್ಯಾಣದಲ್ಲೇ ಒಳ್ಳೆ ದರ್ಜಿಗಳಿದ್ದಾರೆ. ಟ್ರಯಲ್‌ಗೆ ಹೋಗುವಾಗ ಹೀಲ್ಸ್ ಚೀಲದಲ್ಲಿ ಹಾಕ್ಕೊಂಡು ಹೋಗಿ. ಜಿಪ್ ಒಳ್ಳೇದು ಹಾಕಿಸಿ.